ಒಂಬತ್ತನೇ ಕಾಲಂ, ಹನ್ನೆರಡನೇ ಕಾಲಂ: ಕೃಷಿ ನೆರವು ಯಾರ ಹೆಸರಿಗೆ?

2025ರ ನವೆಂಬರ್ 19ರಂದು ಪಿಎಂ ಕಿಸಾನ್ ಯೋಜನೆಯ 21ನೇ ಕಂತು ಬಿಡುಗಡೆಯಾಯಿತು. ಅಷ್ಟರಲ್ಲಾಗಲೇ ಯೋಜನೆಯ ಪೋರ್ಟಲ್‌ನಲ್ಲಿ ಒಂದು ಸೂಚನೆ ಕಾಣಿಸಿಕೊಂಡಿತ್ತು: ಅನುಮಾನ ಬಂದ ಪ್ರಕರಣಗಳಲ್ಲಿ ಹಣ ತಾತ್ಕಾಲಿಕವಾಗಿ ತಡೆಹಿಡಿಯಲಾಗಿದೆ, ಸ್ಥಳ ಪರಿಶೀಲನೆ ಮುಗಿದ ಮೇಲೆ ತೀರ್ಮಾನವಾಗುತ್ತದೆ. ಅನುಮಾನಕ್ಕೆ ಕಾರಣ ಎರಡು. ಒಂದು, 2019ರ ಫೆಬ್ರುವರಿ 1ರ ನಂತರ ಜಮೀನು ಹೆಸರಿಗೆ ಬಂದಿರುವುದು. ಇನ್ನೊಂದು, ಒಂದೇ ಕುಟುಂಬದಲ್ಲಿ ಇಬ್ಬರು ಹಣ ಪಡೆಯುತ್ತಿರುವುದು.

ವರ್ಷಗಳಿಂದ ಎರಡು ಸಾವಿರ ರೂಪಾಯಿಯ ಕಂತು ತಪ್ಪದೆ ಪಡೆದವರಿಗೆ ಇದು ಅರ್ಥವಾಗಲಿಲ್ಲ. ಜಮೀನು ಕೈಯಲ್ಲಿದೆ, ಬೆಳೆಯೂ ನಿಂತಿದೆ, ಪಹಣಿಯೂ (ಹೊಲದ ಮಾಲೀಕರು, ಬೆಳೆಗಳ ವಿವರವಿರುವ ಕಂದಾಯ ದಾಖಲೆ) ಇದೆ. ಮತ್ತೇನು ತೋರಿಸಬೇಕು? ಈ ಪ್ರಶ್ನೆ ಪಿಎಂ ಕಿಸಾನ್‌ಗೆ ಮಾತ್ರ ಸಂಬಂಧಿಸಿದ್ದಲ್ಲ. ಬರ ಪರಿಹಾರ, ಬೆಳೆ ವಿಮೆ, ಬೆಂಬಲ ಬೆಲೆಗೆ ರಾಗಿ ಖರೀದಿ, ಹನಿ ನೀರಾವರಿ ಸಹಾಯಧನ ಎಲ್ಲದರ ಬಾಗಿಲಲ್ಲೂ ಇದೇ ಪ್ರಶ್ನೆ ನಿಂತಿರುತ್ತದೆ.

ಮೂರು ಬೇರೆ ಸಂಗತಿಗಳು

ಗೊಂದಲದ ಬೇರು ಇರುವುದು ಮಾತಿನಲ್ಲಿ. 'ಜಮೀನು ನನ್ನದು' ಎನ್ನುವಾಗ ಜನ ಮೂರು ಸಂಗತಿಗಳನ್ನು ಒಟ್ಟಿಗೆ ಹೇಳುತ್ತಾರೆ: ಮಾಲೀಕತ್ವ, ಸ್ವಾಧೀನ, ಸಾಗುವಳಿ. ಹಳ್ಳಿಯ ವ್ಯವಹಾರದಲ್ಲಿ ಮೂರೂ ಒಂದೇ. ಕಂದಾಯ ಕಾನೂನಿನಲ್ಲಿ ಬೇರೆ ಬೇರೆ.

ಪಹಣಿಯನ್ನು ಕೈಗೆ ತೆಗೆದುಕೊಂಡು ನೋಡಿದರೆ ಇದು ಕಣ್ಣಿಗೇ ಕಾಣುತ್ತದೆ. 9ನೇ ಕಾಲಂನಲ್ಲಿ ಮಾಲೀಕರ ಹೆಸರು, ವಿಸ್ತೀರ್ಣ, ಖಾತೆ ಸಂಖ್ಯೆ. 10ರಲ್ಲಿ ಆ ಜಮೀನು ಹೇಗೆ ಬಂತು ಎಂಬುದು: ಕ್ರಯವೋ, ವಿಭಾಗವೋ, ಪೌತಿಯೋ (ಮಾಲೀಕ ತೀರಿಕೊಂಡು ವಾರಸುದಾರರಿಗೆ ಬಂದದ್ದು), ಮಂಜೂರಾತಿಯೋ. 11ರಲ್ಲಿ ಸಾಲ, ಹಕ್ಕು, ಋಣಗಳು. 12ನೇ ಕಾಲಂ ಸಾಗುವಳಿಯದು. ಯಾವ ವರ್ಷ, ಯಾವ ಹಂಗಾಮು, ಯಾರು ಉತ್ತರು, ಏನು ಬೆಳೆದರು ಎಂಬುದಕ್ಕೆ ಅಲ್ಲಿ ಜಾಗವಿದೆ. ಪಹಣಿ ಎಂಬ ಮಾತಿನ ಮೂಲ ಅರ್ಥವೇ ಕಣ್ಣಾರೆ ನೋಡುವುದು, ಪರಿಶೀಲಿಸುವುದು ಎಂದು. ಹಂಗಾಮಿಗೊಮ್ಮೆ ಹೊಲಕ್ಕೆ ಹೋಗಿ, ಕಂಡದ್ದನ್ನು ಬರೆಯಬೇಕಿತ್ತು.

1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 133ನೇ ಕಲಂ ಪ್ರಕಾರ ಪಹಣಿಯ ನಮೂದು ಸುಳ್ಳೆಂದು ಸಾಬೀತಾಗುವವರೆಗೆ ನಿಜವೆಂದೇ ಭಾವಿಸಬೇಕು. ಆದರೆ ಪಹಣಿಯೊಂದೇ ಮಾಲೀಕತ್ವ ಕೊಡುವುದಿಲ್ಲ ಎಂದು ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ. ನ್ಯಾಯಾಲಯಕ್ಕೆ ಪಹಣಿ ಒಂದು ಸಾಕ್ಷ್ಯ ಮಾತ್ರ, ಸಹಾಯಧನ ಕೊಡುವ ಕಂಪ್ಯೂಟರಿಗೆ ಅದೇ ತೀರ್ಪು. ಅದರಲ್ಲೂ ಅದು ಓದುವುದು 9ನೇ ಕಾಲಂ. 12ನೆಯದರ ಕಡೆ ಹೆಚ್ಚಿನ ಯೋಜನೆಗಳು ತಿರುಗಿಯೂ ನೋಡುವುದಿಲ್ಲ. ಕಂತು ನಿಂತವರ ಬಹುಪಾಲು ತೊಂದರೆಗಳು ಹುಟ್ಟುವುದು ಇಲ್ಲಿಂದಲೇ.

2019ರ ಫೆಬ್ರುವರಿ 1 ಎಂಬ ಗೆರೆ

ಪಿಎಂ ಕಿಸಾನ್ ಘೋಷಣೆಯಾದಾಗ, ಹಣಕ್ಕಾಗಿಯೇ ಜಮೀನನ್ನು ತುಂಡು ಮಾಡಿ ಮನೆಮಂದಿಯ ಹೆಸರಿಗೆಲ್ಲ ಹಂಚಿಬಿಡುತ್ತಾರೆ ಎಂಬ ಭಯವಿತ್ತು. ಆ ಭಯ ನಿರಾಧಾರವೂ ಅಲ್ಲ. ಅದಕ್ಕಾಗಿ ಮಾರ್ಗಸೂಚಿಯಲ್ಲಿ ಒಂದು ಗೆರೆ ಎಳೆದರು: 2019ರ ಫೆಬ್ರುವರಿ 1ರಂದು ಭೂದಾಖಲೆಯಲ್ಲಿ ಯಾರ ಹೆಸರಿತ್ತೋ ಅವರು ಅರ್ಹರು, ಮುಂದಿನ 5 ವರ್ಷ ಆಗುವ ಬದಲಾವಣೆಗಳು ಲೆಕ್ಕಕ್ಕಿಲ್ಲ. ಒಂದೇ ವಿನಾಯಿತಿ, ಮಾಲೀಕ ತೀರಿಕೊಂಡು ವಾರಸುದಾರರಿಗೆ ಜಮೀನು ಬಂದರೆ. ಆ 5 ವರ್ಷ 2024ರ ಫೆಬ್ರುವರಿಗೆ ಮುಗಿಯಿತು. ಆದರೂ 2025ರ ಪರಿಶೀಲನೆಯಲ್ಲಿ ಅದೇ ದಿನಾಂಕ ಹಿಡಿದಿದ್ದಾರೆ.

ಇದರ ಪರಿಣಾಮ ವಿಚಿತ್ರ. ಒಬ್ಬ ತಂದೆಗೆ 4 ಎಕರೆ ಇತ್ತು ಎಂದುಕೊಳ್ಳೋಣ. 2021ರಲ್ಲಿ ಇಬ್ಬರು ಮಕ್ಕಳಿಗೆ ತಲಾ 2 ಎಕರೆ ವಿಭಾಗ ಮಾಡಿ ನೋಂದಣಿ ಮಾಡಿಸಿದ, ತನಗೇನೂ ಇಟ್ಟುಕೊಳ್ಳಲಿಲ್ಲ. ಮಕ್ಕಳಿಗೆ ಜಮೀನು ಬಂದದ್ದು ಗೆರೆಯ ಈಚೆ, ಅದೂ ಪೌತಿಯಿಂದಲ್ಲ. ಹಾಗಾಗಿ ಅವರು ಅನರ್ಹರು. ತಂದೆಯ ಹೆಸರಿನಲ್ಲಿ ಈಗ ಜಮೀನೇ ಇಲ್ಲ, ಆತನೂ ಅನರ್ಹ. ವರ್ಷಕ್ಕೆ 6,000 ರೂಪಾಯಿ ಬರುತ್ತಿದ್ದ ಮನೆಗೆ ಈಗ ಸೊನ್ನೆ. ಪಕ್ಕದ ಮನೆಯವನು ವಿಭಾಗ ಮಾಡದೆ 2022ರಲ್ಲಿ ತೀರಿಕೊಂಡ, ಮೂವರು ಮದುವೆಯಾದ ಗಂಡುಮಕ್ಕಳಿಗೆ ಪೌತಿ ಖಾತೆ ಆಯಿತು. ಬೇರೆ ಅಡ್ಡಿಗಳಿಲ್ಲದಿದ್ದರೆ ಅಲ್ಲಿ ಮೂರು ಕುಟುಂಬ, ಮೂರಕ್ಕೂ ತಲಾ ಆರು ಸಾವಿರ. ಯೋಜನೆಯ ಕಣ್ಣಿಗೆ ಕುಟುಂಬ ಎಂದರೆ ಗಂಡ, ಹೆಂಡತಿ, ಅಪ್ರಾಪ್ತ ಮಕ್ಕಳು ಅಷ್ಟೇ. ಬದುಕಿರುವಾಗಲೇ ಜಗಳವಿಲ್ಲದೆ ಪಾಲು ಮಾಡಿಕೊಟ್ಟವನಿಗೆ ನಷ್ಟ ಎಂದಾಗುವ ಈ ನಿಯಮ, ಅರೆಮನಸ್ಸಿನಲ್ಲಿರುವವರನ್ನು ವಿಭಾಗ ಮುಂದೂಡುವಂತೆ ಮಾಡುತ್ತದೆ. ಭೂದಾಖಲೆ ಸರಿಪಡಿಸಿಕೊಳ್ಳಿ ಎಂದು ಕಂದಾಯ ಇಲಾಖೆ ಒಂದು ಕಡೆ ಎಳೆದರೆ ಇದು ಇನ್ನೊಂದು ಕಡೆ ಎಳೆಯುತ್ತದೆ.

ಕಂತು ನಿಂತವರು ಮೊದಲು ನೋಡಬೇಕಾದದ್ದು 10ನೇ ಕಾಲಂ ಮತ್ತು ಅಲ್ಲಿ ನಮೂದಾಗಿರುವ ಮ್ಯುಟೇಶನ್ (ಹಕ್ಕು ಬದಲಾವಣೆ) ಸಂಖ್ಯೆ. ಪೌತಿಯಿಂದ ಬಂದ ಜಮೀನಿಗೆ ಅಲ್ಲಿ 'ವಿಭಾಗ' ಎಂದಿದ್ದರೆ ತೊಂದರೆಯ ಗುಟ್ಟು ಅಲ್ಲೇ ಇದೆ. ಇದು ಅಪರೂಪವೇನಲ್ಲ. ತಂದೆ ತೀರಿದ ಮೇಲೆ ಪೌತಿ ಖಾತೆ ಮಾಡಿಸದೆ, ಅಣ್ಣತಮ್ಮಂದಿರು ನೇರವಾಗಿ ವಿಭಾಗ ಪತ್ರ ಬರೆಸಿಕೊಂಡ ಕಡೆ ಹೀಗಾಗುತ್ತದೆ. ಅಂಥವರು ಮರಣ ಪ್ರಮಾಣಪತ್ರ, ವಂಶವೃಕ್ಷ, ಮ್ಯುಟೇಶನ್ ಪ್ರತಿ, ತಂದೆಯ ಹೆಸರಿದ್ದ ಹಳೆಯ ಪಹಣಿ ನಾಲ್ಕನ್ನೂ ಜೋಡಿಸಿ ಪರಿಶೀಲನೆಗೆ ಕೊಡಬೇಕು.

ತೀರಿಹೋದವರ ಹೆಸರಿನ ಹೊಲ

ಪಹಣಿಗೆ ಆಧಾರ್ ಜೋಡಿಸಲು ಹೊರಟಾಗ ರಾಜ್ಯಕ್ಕೆ ಸಿಕ್ಕ ದೊಡ್ಡ ಸಂಗತಿ ಎಂದರೆ ಲಕ್ಷಾಂತರ ಪಹಣಿಗಳು ತೀರಿಹೋದವರ ಹೆಸರಿನಲ್ಲೇ ಇವೆ ಎಂಬುದು. ಕೆಲವು ಕಡೆ ತಂದೆಯಲ್ಲ, ತಾತನ ಹೆಸರು. ಸ್ವಾಧೀನ ಮೊಮ್ಮಕ್ಕಳದು, ಕಂದಾಯ ಕಟ್ಟುವವರೂ ಅವರೇ. ಆದರೆ 9ನೇ ಕಾಲಂನ ಹೆಸರಿಗೆ ಆಧಾರ್ ಇಲ್ಲ, ಆಧಾರ್ ಇಲ್ಲದ ಹೆಸರಿಗೆ ಎಫ್‌ಐಡಿ (ರೈತರ ಗುರುತಿನ ಸಂಖ್ಯೆ) ಇಲ್ಲ, ಎಫ್‌ಐಡಿ ಇಲ್ಲದವರಿಗೆ ರಾಜ್ಯದ ರೈತ ನೋಂದಣಿಯಾದ ಫ್ರೂಟ್ಸ್ ತಂತ್ರಾಂಶದ ಮೂಲಕ ಹೋಗುವ ಯಾವ ನೆರವೂ ಇಲ್ಲ.

ಪೌತಿ ಖಾತೆ ಕಾಗದದ ಮೇಲೆ ಸರಳ. ಹೋಬಳಿಯ ನಾಡಕಚೇರಿಗೆ ಮರಣ ಪ್ರಮಾಣಪತ್ರ, ವಂಶವೃಕ್ಷ, ವಾರಸುದಾರರೆಲ್ಲರ ಆಧಾರ್, ಪಹಣಿ ಸೇರಿಸಿ ಅರ್ಜಿ. ನೋಟಿಸ್ ಹೊರಡುತ್ತದೆ. ನಿಗದಿತ ದಿನಗಳಲ್ಲಿ ತಕರಾರು ಬಾರದಿದ್ದರೆ ಮ್ಯುಟೇಶನ್ ಅಂಗೀಕಾರವಾಗುತ್ತದೆ. ತಕರಾರು ಬಂದರೆ ವಿಚಾರಣೆ, ಅದರ ಮೇಲೆ ಭೂಕಂದಾಯ ಕಾಯ್ದೆಯ 136(2)ರ ಅಡಿ ಉಪವಿಭಾಗಾಧಿಕಾರಿಗೆ ಮೇಲ್ಮನವಿ.

ಎಡವುವುದು ಎರಡು ಕಡೆ. ಮೊದಲನೆಯದು ಮರಣ ಪ್ರಮಾಣಪತ್ರ. ಇಪ್ಪತ್ತು, ಮೂವತ್ತು ವರ್ಷದ ಹಿಂದಿನ ಸಾವು ನೋಂದಣಿಯೇ ಆಗಿರುವುದಿಲ್ಲ. ಒಂದು ವರ್ಷ ಮೀರಿದ ಸಾವಿನ ನೋಂದಣಿಗೆ ದಂಡಾಧಿಕಾರಿಯ ಆದೇಶ ಬೇಕು. ತಾತನದೂ ತಂದೆಯದೂ ಎರಡೂ ಬೇಕಾದರೆ ಅಲೆದಾಟವೂ ಎರಡರಷ್ಟು. ಎರಡನೆಯದು ವಂಶವೃಕ್ಷ. ಮದುವೆಯಾಗಿ ಹೋದ ಹೆಣ್ಣುಮಕ್ಕಳನ್ನು ಬಿಟ್ಟು ಬರೆಸುವ ಚಾಳಿ ಇನ್ನೂ ಹೋಗಿಲ್ಲ. ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿಯ ನಂತರ ಮಗಳಿಗೂ ಮಗನಷ್ಟೇ ಹಕ್ಕು. ಹೆಸರು ಬಿಟ್ಟ ವಂಶವೃಕ್ಷದ ಮೇಲೆ ಆದ ಖಾತೆ, ಒಬ್ಬಳು ಮಗಳು ತಕರಾರು ಹಾಕಿದ ದಿನ ಕುಸಿಯುತ್ತದೆ. ಆ ಖಾತೆಯ ಆಧಾರದ ಮೇಲೆ ಪಡೆದ ಸಹಾಯಧನವೂ ಆಗ ಪ್ರಶ್ನೆಗೆ ಬರುತ್ತದೆ.

ಖಾತೆ ಆದ ಮೇಲೂ ಕೆಲಸ ಉಳಿದಿರುತ್ತದೆ. ಹೊಸ ಸರ್ವೆ ನಂಬರು ಎಫ್‌ಐಡಿಯಲ್ಲಿ ತಾನಾಗಿ ಸೇರಿಕೊಳ್ಳುತ್ತದೆ ಎಂದು ನಂಬಿ ಕೂರಬಾರದು. ರೈತ ಸಂಪರ್ಕ ಕೇಂದ್ರದಲ್ಲಿ ಎಫ್‌ಐಡಿ ತೆರೆಸಿ, ಯಾವ ಸರ್ವೆ ನಂಬರು, ಎಷ್ಟು ವಿಸ್ತೀರ್ಣ ಸೇರಿದೆ ಎಂದು ಸಾಲು ಸಾಲಾಗಿ ನೋಡಿಸಿಕೊಳ್ಳಬೇಕು.

ಜಂಟಿ ಖಾತೆಯ ಗುಂಟೆ ಲೆಕ್ಕ

ಜಂಟಿ ಪಹಣಿಯಲ್ಲಿ ಹಣ ಸೋರಿಹೋಗುವುದು ಗೊತ್ತೇ ಆಗುವುದಿಲ್ಲ. 3 ಎಕರೆ 20 ಗುಂಟೆಯ ಒಂದು ಪಹಣಿಯಲ್ಲಿ ನಾಲ್ವರು ಅಣ್ಣತಮ್ಮಂದಿರ ಹೆಸರಿದೆ. ಮೂವರು ಊರು ಬಿಟ್ಟಿದ್ದಾರೆ, ಉಳಿದವನೊಬ್ಬ ಪೂರ್ತಿ ಹೊಲದಲ್ಲಿ ರಾಗಿ ಹಾಕುತ್ತಾನೆ. ಬರ ಬಂದು ಬೆಳೆ ಹೋಯಿತು. ಮಳೆಯಾಶ್ರಿತ ಬೆಳೆಗೆ ವಿಪತ್ತು ಪರಿಹಾರ ನಿಧಿಯ 2022ರ ದರ ಹೆಕ್ಟೇರಿಗೆ 8,500 ರೂಪಾಯಿ, ಗರಿಷ್ಠ 2 ಹೆಕ್ಟೇರ್, ಅಂದರೆ ಹೆಚ್ಚುಕಡಿಮೆ 4 ಎಕರೆ 38 ಗುಂಟೆ. ಪೂರ್ತಿ ಹೊಲ 140 ಗುಂಟೆ, ಅದಕ್ಕೆ ಸುಮಾರು 12,040 ರೂಪಾಯಿ ಆಗಬೇಕು. ಎಫ್‌ಐಡಿಯಲ್ಲಿ ಅವನ ಪಾಲು 35 ಗುಂಟೆ ಎಂದು ಸೇರಿದ್ದರೆ ಬರುವುದು 3,010 ರೂಪಾಯಿ. ಉಳಿದ 9,030 ರೂಪಾಯಿ ಹೊಲ ನೋಡದ ಮೂವರ ಖಾತೆಗೆ ಹೋಗುತ್ತದೆ. ಅವರು ಎಫ್‌ಐಡಿ ಮಾಡಿಸದೇ ಇದ್ದರೆ ಯಾರಿಗೂ ಹೋಗುವುದಿಲ್ಲ.

2023ರ ಬರದಲ್ಲಿ ಪರಿಹಾರವನ್ನು ಫ್ರೂಟ್ಸ್ ವಿಸ್ತೀರ್ಣದ ಮೇಲೆ ಲೆಕ್ಕ ಹಾಕಿದಾಗ, ಎಫ್‌ಐಡಿಗೆ ಒಂದೇ ಸರ್ವೆ ನಂಬರು ಸೇರಿಸಿ ಸುಮ್ಮನಾಗಿದ್ದವರಿಗೆ ಇದರ ಬಿಸಿ ತಟ್ಟಿತು. ಇಲಾಖೆಯ ಲೋಪ ಎಂದು ದೂರಿದವರಲ್ಲಿ ಅನೇಕರ ಎಫ್‌ಐಡಿ ಅರ್ಧ ತುಂಬಿತ್ತು ಎನ್ನುವುದೂ ನಿಜ. ಜಂಟಿ ಪಹಣಿಗೆ ಶಾಶ್ವತ ಮದ್ದು ಪೋಡಿ: ಅಳತೆಯಾಗಿ, 11ಇ ಎಂಬ ಅಳತೆ ನಕ್ಷೆಯಾಗಿ, ಹಿಸ್ಸಾ ನಂಬರು ಬೇರೆಯಾಗಿ, ಪ್ರತಿಯೊಬ್ಬರಿಗೂ ಪ್ರತ್ಯೇಕ ಪಹಣಿ. ಅದಾಗುವವರೆಗೆ ಹನಿ ನೀರಾವರಿಯಂಥ ಸಹಾಯಧನಕ್ಕೆ ಉಳಿದ ಖಾತೆದಾರರ ಒಪ್ಪಿಗೆ ಪತ್ರ ಕೊಟ್ಟು ದಾರಿ ಮಾಡಿಕೊಳ್ಳಬಹುದು.

ಹೆಸರಿನ ವ್ಯತ್ಯಾಸವೂ ಇದೇ ಜಾತಿಯ ತೊಡಕು. ಪಹಣಿಯಲ್ಲಿ 'ಮಂಜಪ್ಪ ಬಿನ್ ಮರಿಯಪ್ಪ', ಆಧಾರ್‌ನಲ್ಲಿ 'ಮಂಜುನಾಥ ಎಂ'. ಪಹಣಿಯಲ್ಲಿ ಇಂಥವರ 'ಕೋಂ' (ಹೆಂಡತಿ) ಎಂದಿರುವ ಹೆಣ್ಣುಮಗಳ ಆಧಾರ್‌ನಲ್ಲಿ ತಂದೆಯ ಹೆಸರು. ಎರಡೂ ಹೆಸರು ಒಬ್ಬರದೇ ಎಂಬ ಅಫಿಡವಿಟ್ ಒಂದು ಅರ್ಜಿಯನ್ನು ದಾಟಿಸಬಹುದು, ದಾಖಲೆಯನ್ನು ಬದಲಿಸುವುದಿಲ್ಲ. ಮುಂದಿನ ಯೋಜನೆಗೆ ಅದೇ ತಕರಾರು ಮತ್ತೆ ಬರುತ್ತದೆ. ಆಧಾರ್ ಅಥವಾ ಪಹಣಿ, ಒಂದನ್ನು ತಿದ್ದಿಸಲೇಬೇಕು.

ಉಳುವವನು ಕಾಣಿಸದಿರುವುದು ಏಕೆ?

ಮೇಲಿನವೆಲ್ಲ ಅಲೆದಾಡಿಯಾದರೂ ಸರಿಪಡಿಸಬಹುದಾದ ತೊಂದರೆಗಳು. ಗುತ್ತಿಗೆ, ಗೇಣಿ, ವಾರ, ಕೋರು, ಲಾವಣಿ, ಪಾಲು ಎಂದು ಸೀಮೆಗೊಂದು ಹೆಸರಿನಲ್ಲಿ ಬೇರೆಯವರ ಹೊಲ ಮಾಡುವವರ ಕಥೆ ಬೇರೆ. ಅವರ ಬಳಿ ಸ್ವಾಧೀನವಿದೆ, ಸಾಗುವಳಿಯಿದೆ, ಬೀಜ ಗೊಬ್ಬರದ ಖರ್ಚಿದೆ, ಬೆಳೆ ಹೋದರೆ ನಷ್ಟವೂ ಅವರದೇ. ತೋರಿಸಲು ಕಾಗದ ಮಾತ್ರ ಇಲ್ಲ.

ಕಾರಣ ಹುಡುಕಲು ಅರ್ಧ ಶತಮಾನ ಹಿಂದೆ ಹೋಗಬೇಕು. 1961ರ ಕರ್ನಾಟಕ ಭೂಸುಧಾರಣಾ ಕಾಯ್ದೆಗೆ ಆದ ತಿದ್ದುಪಡಿಯಿಂದ, 1974ರ ಮಾರ್ಚ್ 1ಕ್ಕೆ ಗೇಣಿದಾರರ ಕೈಯಲ್ಲಿದ್ದ ಜಮೀನು ಸರ್ಕಾರಕ್ಕೆ ಸೇರಿತು. ನಮೂನೆ 7ರಲ್ಲಿ ಅರ್ಜಿ ಹಾಕಿದ ಗೇಣಿದಾರರಿಗೆ ಭೂನ್ಯಾಯ ಮಂಡಳಿಗಳು ಅಧಿಭೋಗದ ಹಕ್ಕು, ಅಂದರೆ ಉಳುತ್ತಿದ್ದ ಜಮೀನಿನ ಒಡೆತನ, ಕೊಟ್ಟವು. 'ಉಳುವವನೇ ಹೊಲದೊಡೆಯ' ಎಂಬುದು ಆ ಕಾಲದ ಘೋಷಣೆ. ಆಗ ಗೇಣಿದಾರರಿಗೆ ದೊಡ್ಡ ಸಾಕ್ಷಿಯಾಗಿ ನಿಂತದ್ದು ಇದೇ ಪಹಣಿಯ ಸಾಗುವಳಿ ಕಾಲಂ. ಮುಂದೆ ಹೊಸದಾಗಿ ಗೇಣಿಗೆ ಕೊಡುವುದನ್ನೇ 5ನೇ ಕಲಂ ನಿಷೇಧಿಸಿತು. ಸೈನಿಕರು, ನಾವಿಕರಂಥ ಕೆಲವರಿಗೆ ಮಾತ್ರ ವಿನಾಯಿತಿ.

ಈ ಕಾಯ್ದೆ ಗೇಣಿಯನ್ನು ನಿಲ್ಲಿಸಲಿಲ್ಲ, ಬಾಯಿಮಾತಿಗೆ ಇಳಿಸಿತು. ಮಾಲೀಕನಿಗೆ ಇಂದಿಗೂ ಒಂದೇ ಹೆದರಿಕೆ: ಬರವಣಿಗೆಯಲ್ಲಿ ಕೊಟ್ಟರೆ, 12ನೇ ಕಾಲಂನಲ್ಲಿ ಹೆಸರು ಬಂದರೆ, ನಾಳೆ ಜಮೀನು ಹೋದೀತು. ಅದಕ್ಕೇ ಕೆಲವರು ಎರಡು ಮೂರು ವರ್ಷಕ್ಕೊಮ್ಮೆ ಗುತ್ತಿಗೆದಾರನನ್ನೇ ಬದಲಿಸುತ್ತಾರೆ. ಸಾಗುವಳಿಯ ಜಾಗದಲ್ಲಿ 'ಸ್ವಂತ' ಎಂದೇ ಬರೆದಿರುತ್ತದೆ. ಒಂದು ಕಾಲದಲ್ಲಿ ಉಳುವವನ ಕೈ ಹಿಡಿದ ಕಾಲಂ ಈಗ ಅವನನ್ನು ಮರೆಮಾಡುವ ಕಾಲಂ ಆಗಿದೆ.

ಫಲ ಹೀಗೆ: ಪಿಎಂ ಕಿಸಾನ್‌ನಲ್ಲಿ ಗೇಣಿದಾರನಿಗೆ ಜಾಗವೇ ಇಲ್ಲ. ಬೆಂಬಲ ಬೆಲೆಗೆ ರಾಗಿ ಕೊಡಲು ಮಾಲೀಕನ ಎಫ್‌ಐಡಿ ಬೇಕು, ಹಣ ಬೀಳುವುದು ಮಾಲೀಕನ ಖಾತೆಗೆ. ಬರ ಪರಿಹಾರವೂ ಅಷ್ಟೇ. ಪ್ರಧಾನಮಂತ್ರಿ ಫಸಲ್ ಬಿಮಾ ಮಾರ್ಗಸೂಚಿಯಲ್ಲಿ ಗೇಣಿದಾರರೂ ಪಾಲುಗಾರರೂ ಅರ್ಹರು, ಆದರೆ ಅದಕ್ಕೆ ಒಪ್ಪಂದದ ಕಾಗದವೋ ಪ್ರಮಾಣಪತ್ರವೋ ಬೇಕು. ಕಾನೂನೇ ನಿಷೇಧಿಸಿದ ವ್ಯವಹಾರಕ್ಕೆ ಯಾವ ಮಾಲೀಕ ಸಹಿ ಹಾಕುತ್ತಾನೆ? ಮಾಲೀಕನ ಹೆಸರಿನಲ್ಲೇ ವಿಮೆ ಕಟ್ಟಿದರೆ ಪ್ರೀಮಿಯಂ ಒಬ್ಬನದು, ಪರಿಹಾರ ಇನ್ನೊಬ್ಬನದು. ವಿಮೆಯಲ್ಲಿ ಬರೆಸಿದ ಬೆಳೆಯೂ ಬೆಳೆ ಸಮೀಕ್ಷೆಯಲ್ಲಿ ದಾಖಲಾದ ಬೆಳೆಯೂ ತಾಳೆಯಾಗದಿದ್ದರೆ ಇಬ್ಬರಿಗೂ ಇಲ್ಲ.

ಸರ್ಕಾರಿ ಜಮೀನು ಉಳುವ ಬಗರ್ ಹುಕುಂ ರೈತರದು ಇನ್ನೊಂದು ಬಗೆ. 1990ರ ಏಪ್ರಿಲ್ 14ಕ್ಕೆ ಮುಂಚಿನ ಸಾಗುವಳಿಗೆ ನಮೂನೆ 50, ನಂತರ ನಮೂನೆ 53, 2018ರ ತಿದ್ದುಪಡಿಯಲ್ಲಿ 2005ಕ್ಕೆ ಮುಂಚಿನವರಿಗೆ ನಮೂನೆ 57. ಇಲ್ಲಿ ಸ್ವಾಧೀನವೇ ಅರ್ಹತೆ, ಆದರೆ ಸಾಗುವಳಿ ಚೀಟಿ (ಜಮೀನು ಮಂಜೂರಾದ ಪತ್ರ) ಸಿಕ್ಕಿ, ಪೋಡಿಯಾಗಿ, ಪಹಣಿಯಲ್ಲಿ 'ಸರ್ಕಾರ' ಎಂಬ ಪದ ಹೋಗುವವರೆಗೆ ಸಹಾಯಧನದ ಲೆಕ್ಕಕ್ಕೆ ಅವರು ರೈತರಲ್ಲ.

ಎರಡು ಕಡೆಯ ವಾದ

ಮಾಲೀಕತ್ವವನ್ನೇ ಹಿಡಿಯಬೇಕು ಎನ್ನುವವರ ಬಳಿ ಗಟ್ಟಿ ಕಾರಣವಿದೆ. ರಾಜ್ಯದ ಭೂದಾಖಲೆಗಳಿರುವ 'ಭೂಮಿ' ತಂತ್ರಾಂಶದಲ್ಲಿ ಮಾಲೀಕನ ಹೆಸರು ಇದೆ, ಆಧಾರ್ ಜೊತೆ ತಾಳೆ ನೋಡಬಹುದು, ಹಣ ನೇರ ಖಾತೆಗೆ ಹಾಕಬಹುದು. ಉಳುವವರು ಯಾರೆಂದು ಪ್ರತಿ ಹಂಗಾಮಿಗೆ ಸ್ಥಳದಲ್ಲಿ ನಿರ್ಧರಿಸಲು ಹೊರಟರೆ, ಆ ನಿರ್ಧಾರ ಗ್ರಾಮ ಮಟ್ಟದ ಒಬ್ಬ ನೌಕರನ ಕೈಗೆ ಬರುತ್ತದೆ. ಅಲ್ಲಿ ಒತ್ತಡ, ಲಂಚ, ಸುಳ್ಳು ದೃಢೀಕರಣ ಎಲ್ಲದಕ್ಕೂ ಅವಕಾಶ.

ಎದುರು ವಾದವೂ ಅಷ್ಟೇ ನೇರ. ಪರಿಹಾರ ಕೊಡುವುದು ಬೆಳೆ ನಷ್ಟಕ್ಕೆ, ಮಾಲೀಕತ್ವಕ್ಕಲ್ಲ. ನೇರ ನಗದನ್ನು ಮಾಲೀಕನಿಗೆ ಕೊಡಲು ವಾದವಿದ್ದೀತು. ಬೆಳೆ ವಿಮೆ, ಖರೀದಿ, ಬರ ಪರಿಹಾರವನ್ನೂ ಅದೇ ಕಾಲಂಗೆ ಕಟ್ಟಿಹಾಕುವುದು ಮಾತ್ರ ತಪ್ಪು ಹೊಲಕ್ಕೆ ನೀರು ಬಿಟ್ಟಂತೆ.

ಬೇರೆ ರಾಜ್ಯಗಳ ಅನುಭವ ಎರಡೂ ಕಡೆಗೆ ಪಾಠ ಹೇಳುತ್ತದೆ. ತೆಲಂಗಾಣ 2018ರಲ್ಲಿ 'ರೈತು ಬಂಧು' ಎಂಬ ನಗದು ನೆರವನ್ನು ಪಟ್ಟಾದಾರರಿಗೆ (ದಾಖಲೆಯಲ್ಲಿ ಹೆಸರಿರುವ ಮಾಲೀಕರಿಗೆ) ಮಾತ್ರ ಕೊಟ್ಟಿತು. ಹಣ ಬೇಗ ತಲುಪಿತು, ಗೇಣಿದಾರರು ಹೊರಗುಳಿದರು. ಆಂಧ್ರಪ್ರದೇಶ 2019ರ ಕಾಯ್ದೆಯಲ್ಲಿ 11 ತಿಂಗಳ ಸಾಗುವಳಿದಾರ ಕಾರ್ಡ್ ತಂದಿತು. ಅದರಿಂದ ಮಾಲೀಕತ್ವಕ್ಕೆ ಧಕ್ಕೆಯಿಲ್ಲ ಎಂದು ಕಾಯ್ದೆಯೇ ಹೇಳುತ್ತದೆ. ಆದರೂ ಮಾಲೀಕನ ಸಹಿ ಬೇಕಾದ್ದರಿಂದ ಅಲ್ಲೂ ಅದೇ ಹೆದರಿಕೆ ಅಡ್ಡ ಬಂತು. ಗೇಣಿಯನ್ನು ಬರವಣಿಗೆಗೆ ತಂದು ಮಾಲೀಕನ ಹಕ್ಕನ್ನೂ ಕಾಯುವ ಮಾದರಿ ಕಾಯ್ದೆಯೊಂದನ್ನು ನೀತಿ ಆಯೋಗ 2016ರಲ್ಲೇ ರಾಜ್ಯಗಳ ಮುಂದಿಟ್ಟಿತ್ತು. ಕರ್ನಾಟಕ 2020ರಲ್ಲಿ ಭೂಸುಧಾರಣಾ ಕಾಯ್ದೆಗೆ ದೊಡ್ಡ ತಿದ್ದುಪಡಿ ತಂದು ಕೃಷಿಕರಲ್ಲದವರಿಗೂ ಜಮೀನು ಖರೀದಿಗೆ ದಾರಿ ತೆರೆಯಿತು, ಗೇಣಿಯ ಗಂಟು ಬಿಚ್ಚಲಿಲ್ಲ. ಕೊಳ್ಳುವವನಿಗೆ ಸಡಿಲ, ಉಳುವವನಿಗೆ ಬಿಗಿ ಎಂದಾಯಿತು.

ಮುಂದೆ ಬಿಗಿಯಾಗುವುದು ಎಲ್ಲಿ?

2024ರ ಸೆಪ್ಟೆಂಬರ್‌ನಲ್ಲಿ ಕೇಂದ್ರ ಸಂಪುಟ 2,817 ಕೋಟಿ ರೂಪಾಯಿಯ ಡಿಜಿಟಲ್ ಕೃಷಿ ಮಿಷನ್‌ಗೆ ಒಪ್ಪಿಗೆ ಕೊಟ್ಟಿತು. ಅದರ ಬುನಾದಿ ರೈತ ನೋಂದಣಿ: ಪ್ರತಿ ರೈತನಿಗೂ ಒಂದು ಗುರುತಿನ ಸಂಖ್ಯೆ, ಅದಕ್ಕೆ ಜೋಡಿಸಿದ ಭೂದಾಖಲೆ. ನಮ್ಮ ಎಫ್‌ಐಡಿ ಮಾಡಿದ್ದನ್ನೇ ದೇಶದ ಮಟ್ಟಕ್ಕೆ ಒಯ್ಯುವ ಕೆಲಸ. ಸಂಖ್ಯೆ ಒಂದಾದಷ್ಟೂ ನಕಲಿ ಫಲಾನುಭವಿಗಳು ಕಡಿಮೆಯಾಗುತ್ತಾರೆ, ಜೊತೆಗೆ ಪಹಣಿಯಲ್ಲಿನ ಒಂದು ತಪ್ಪು ಒಂದೇ ಯೋಜನೆಯನ್ನಲ್ಲ, ಎಲ್ಲವನ್ನೂ ಒಟ್ಟಿಗೆ ನಿಲ್ಲಿಸುತ್ತದೆ.

ಗುತ್ತಿಗೆದಾರರಿಗೆ ಒಂದು ಸಣ್ಣ ಬಾಗಿಲು ತೆರೆಯಬಹುದಾದದ್ದು ಬೆಳೆ ಸಮೀಕ್ಷೆ. ಸರ್ವೆ ನಂಬರಿನೊಳಗೇ ನಿಂತು ಫೋಟೊ ತೆಗೆದು ಬೆಳೆ ದಾಖಲಿಸುವ ಆ್ಯಪ್ ಈಗಾಗಲೇ ಇದೆ. ದಾಖಲಾದದ್ದು ತಪ್ಪಾಗಿದ್ದರೆ ಬೆಳೆ ದರ್ಶಕ್ ಆ್ಯಪ್‌ನಲ್ಲಿ ಆಕ್ಷೇಪಣೆ ಹಾಕಬಹುದು. ಏನು ಬೆಳೆದಿದೆ ಎಂದು ಇಷ್ಟು ಕರಾರುವಾಕ್ಕಾಗಿ ಕೇಳುವ ವ್ಯವಸ್ಥೆ, ಯಾರು ಬೆಳೆದರು ಎಂದೂ ಕೇಳಬಹುದು. ಆ ಉತ್ತರ ಆ ಹಂಗಾಮಿನ ಪರಿಹಾರ, ವಿಮೆ, ಖರೀದಿಗೆ ಮಾತ್ರ ಸಲ್ಲುತ್ತದೆ, ಹಕ್ಕಿನ ದಾವೆಯಲ್ಲಿ ಸಾಕ್ಷ್ಯವಾಗುವುದಿಲ್ಲ ಎಂದು ಕಾನೂನಿನಲ್ಲೇ ಬರೆಯದೆ ಮಾಲೀಕರು ಒಪ್ಪಲಾರರು. 5ನೇ ಕಲಂ ಹಾಗೇ ಇಟ್ಟುಕೊಂಡು ಇಂಥದ್ದು ಬರೆಯಲು ಬರುವುದಿಲ್ಲ. ಅಲ್ಲಿಗೆ ಮತ್ತೆ ವಿಧಾನಸಭೆಯ ಬಾಗಿಲಿಗೇ ಬರಬೇಕು.

ಅಲ್ಲಿಯವರೆಗೆ ಗೇಣಿದಾರನಿಗೆ ತಡೆಯಿಲ್ಲದೆ ಸಿಗುತ್ತಿರುವ ದೊಡ್ಡ ಸಹಾಯಧನ ಎಂದರೆ ರಸಗೊಬ್ಬರದ್ದು. 45 ಕಿಲೋ ಯೂರಿಯಾ ಚೀಲವನ್ನು ಸುಮಾರು 266 ರೂಪಾಯಿಗೆ ಕೊಳ್ಳಲು ಅಂಗಡಿಯ ಯಂತ್ರದ ಮೇಲೆ ಬೆರಳಿಟ್ಟರೆ ಸಾಕು, ಪಹಣಿ ಬೇಕಿಲ್ಲ. ಗೊಬ್ಬರ ಮಾರಾಟವನ್ನೂ ರೈತ ಗುರುತಿನ ಸಂಖ್ಯೆಗೆ, ಜಮೀನಿನ ವಿಸ್ತೀರ್ಣಕ್ಕೆ ಜೋಡಿಸುವ ಮಾತು ಆಗಾಗ ಕೇಳಿಬರುತ್ತದೆ. ಅದು ಜಾರಿಯಾದರೆ ಐದು ಎಕರೆ ಗುತ್ತಿಗೆ ಮಾಡುವವನು ಒಂದು ಚೀಲ ಗೊಬ್ಬರಕ್ಕೂ ಮಾಲೀಕನ ಬೆರಳಿಗಾಗಿ ಕಾಯಬೇಕಾಗುತ್ತದೆ.